ಸೆರಗಿಗೆ ಬಿದ್ದ ಸೀತನಿ

ಕಳೆದ ವರ್ಷ ಸಂಕ್ರಾಂತಿ ಮುಗಿದ ಮೊದಲ ಭಾನುವಾರ. ನಿಪ್ಪಾಣಿಯಲ್ಲಿ ಬೆಳಿಗ್ಗೆ ನನ್ನ ಜೊತೆ ವಾಕಿಂಗ್ ಬರುವ ಹೆಂಗಸರೆಲ್ಲ ಸೇರಿ ಒಂದು ದಿನದ ಪ್ರವಾಸ ಹೊರಟಿದ್ದೆವು. ಕೃಷ್ಣಾ ದಂಡೆಯಲ್ಲಿ ನಡಿಗೆ, ಕಾಗವಾಡದ ಕಡೆ ದ್ರಾಕ್ಷಿ ತೋಟ, ಗಾಣದಲ್ಲಿ ಬಿಸಿ ಬೆಲ್ಲ, ಮಧ್ಯಾಹ್ನ ಮಂಗಸೂಳಿಯ ಹತ್ತಿರ ಒಂದು ಹೊಲದಲ್ಲಿ ಸೀತನಿ ಮತ್ತು ರೊಟ್ಟಿ ಊಟ. ತೂಕ ಇಳಿಸಲೆಂದು ನಡೆಯಲು ಶುರುಮಾಡಿದ ಗುಂಪು ನಮ್ಮದು, ಆದರೆ ಊಟದ ಹೆಸರು ಕೇಳಿದ್ದೇ ತಡ, ಎಲ್ಲರೂ ಹೆಸರು ಬರೆಸಿದರು.

ನಾನು ಬರೆಸಿದ್ದು ಊಟಕ್ಕಲ್ಲ. ಪ್ರವಾಸ ಕರೆದೊಯ್ಯುವ ಅಪ್ಪಾಸಾಬ ಅನ್ನುವವರು ನಮ್ಮ ವಾಟ್ಸಾಪ್ ಗುಂಪಿಗೆ ಒಂದು ಫೋಟೊ ಹಾಕಿದ್ದರು. ಬೇವಿನ ಗಿಡದ ಕೆಳಗೆ ಒಲೆ, ಒಲೆಯ ಮುಂದೆ ರೊಟ್ಟಿ ಬಡಿಯುತ್ತಿರುವ ಹೆಂಗಸು. ತಲೆ ಮೇಲಿನ ಸೆರಗು ಮುಂದೆ ಬಂದು ಮುಖ ಕಾಣುತ್ತಿರಲಿಲ್ಲ. ಕಂಡದ್ದು ಕೈ ಮಾತ್ರ. ಆಕೆ ಎಡಗೈಯಲ್ಲಿ ರೊಟ್ಟಿ ಬಡಿಯುತ್ತಿದ್ದಳು. ನಮ್ಮ ಮನೆಯಲ್ಲಿ ಎಡಗೈಯಲ್ಲಿ ರೊಟ್ಟಿ ಬಡಿಯುತ್ತಿದ್ದವಳು ಒಬ್ಬಳೇ, ನನ್ನ ಕಸ್ತೂರಿ ವೈನಿ.

ವೈನಿ ಅಂದರೆ ನನ್ನ ಅಣ್ಣನ ಹೆಂಡತಿ. ನಮ್ಮ ತವರು ರಾಯಬಾಗ ತಾಲ್ಲೂಕಿನ ಅಲಖನೂರ. ವೈನಿ ಮದುವೆಯಾಗಿ ಬಂದಾಗ ನಾನು ಇನ್ನೂ ಲಂಗ ತೊಡುತ್ತಿದ್ದ ಹುಡುಗಿ. ಆಕೆಗೆ ತಂದೆತಾಯಿ ಇರಲಿಲ್ಲ, ಸೋದರಮಾವನ ಮನೆಯಲ್ಲಿ ಬೆಳೆದವಳು. ಅದಕ್ಕೋ ಏನೋ, ಬಂದ ದಿನದಿಂದಲೇ ನನ್ನನ್ನು ಕಂಕುಳಿಗೆ ಕಟ್ಟಿಕೊಂಡಂತೆ ತಿರುಗಿದಳು. ತಲೆ ಬಾಚುವವಳು ಆಕೆ, ಶಾಲೆಗೆ ಬುತ್ತಿ ಕಟ್ಟುವವಳು ಆಕೆ, ನನ್ನ ತಪ್ಪಿಗೆ ಅವ್ವನಿಂದ ಬೈಸಿಕೊಳ್ಳುವವಳೂ ಆಕೆಯೇ. ಆಮೇಲೆ ಕಬ್ಬಿನ ಟ್ರ್ಯಾಕ್ಟರ್ ಪಲ್ಟಿಯಾಗಿ ಅಣ್ಣ ಹೋದ. ಮಕ್ಕಳಿರಲಿಲ್ಲ. ವೈನಿ ನಮ್ಮಲ್ಲೇ ಉಳಿದಳು. ಕೆಲವು ವರ್ಷ ಕಳೆದ ಮೇಲೆ ಅವ್ವನೇ ಮುಂದೆ ನಿಂತು ಮಂಗಸೂಳಿ ಕಡೆಯ ಒಂದು ಮನೆಗೆ ಆಕೆಯನ್ನು ಉಡಿಕಿ ಮಾಡಿಕೊಟ್ಟಳು.

ಉಡಿಕಿ ಅಂದರೆ ಗಂಡ ಸತ್ತವಳ ಎರಡನೇ ಮದುವೆ. ಅದಕ್ಕೆ ವಾಲಗ ಇಲ್ಲ, ಹಂದರ ಇಲ್ಲ. ಹೊತ್ತು ಮುಳುಗಿದ ಮೇಲೆ ನಾಲ್ಕು ಜನ ಬಂದು ಕರೆದುಕೊಂಡು ಹೋದರು. ಮಗಳನ್ನು ಗಂಡನ ಮನೆಗೆ ಕಳಿಸುವಾಗ ಸೆರಗಿಗೆ ಕಾಳು, ಕಾಯಿ, ಖಣ ಹಾಕಿ ಉಡಿ ತುಂಬುತ್ತೇವಲ್ಲ, ಅದನ್ನು ವೈನಿಗೆ ತುಂಬಲು ನಮ್ಮ ಮನೆಯ ಹಿರಿಯರು ಬಿಡಲಿಲ್ಲ. ಬರಿ ಉಡಿಯಲ್ಲೇ ಆಕೆ ಹೊಸ್ತಿಲು ದಾಟಿದಳು. ನಾನು ಜೋಳದ ಚೀಲದ ಹಿಂದೆ ಕೂತು ಅತ್ತೆ.

"ಅವ್ವಾ, ವೈನಿನ್ನ ನೋಡಾಕ ಯಾವಾಗ ಹೋಗೂಣು?" ಎಂದು ನಾನು ದಿನಾ ಪೀಡಿಸುತ್ತಿದ್ದೆ.

"ಸಸಿ ಕಿತ್ತ ಹಚ್ಚೇವಿ ಸುಮ್ಮಿ. ಬೇರ ಹತ್ತೂತನಕ ಮುಟ್ಟಬಾರ್ದು. ನಾವು ಹೋದ್ರ ಆಕಿ ಹಿಂದಕ್ಕ ನೋಡ್ತಾಳ. ಆ ಮನ್ಯಾಗ ಆಕಿ ಗಟ್ಟಿ ಆಗ್ಲಿ," ಅನ್ನುತ್ತಿದ್ದಳು ಅವ್ವ.

ಬೇರು ಹತ್ತಿತೋ ಇಲ್ಲವೋ ಯಾರಿಗೆ ಗೊತ್ತಾಗಬೇಕು? ವರ್ಷಗಳು ಹೋದವು. ನನ್ನ ಮದುವೆಯಾಯಿತು, ಮಕ್ಕಳಾದವು. ಅಲಖನೂರಿನ ಹೊಲ ಮನೆ ದಾಯಾದಿಗಳಿಗೆ ಹೋಯಿತು, ಅವ್ವ ನನ್ನ ಹತ್ತಿರ ಬಂದು ಉಳಿದಳು. ಎರಡು ವರ್ಷದ ಹಿಂದೆ ಹಾಸಿಗೆ ಹಿಡಿದಾಗ ತನ್ನ ಟ್ರಂಕಿನಿಂದ ಒಂದು ಹಸಿರು ಇಳಕಲ್ ಸೀರೆ ತೆಗೆಸಿದಳು. "ಕಸ್ತೂರಿ ಉಡಿ ತುಂಬೂದು ಉಳೀತು. ನಿನ್ನ ಕೈಲಿಂದರ ಆಗ್ಲಿ," ಅಂದಳು. ಅದಾಗಿ ಬಹಳ ದಿನ ಬದುಕಲಿಲ್ಲ.

ನಿಪ್ಪಾಣಿಯಿಂದ ಮಂಗಸೂಳಿ ದೂರದ ಊರೇನಲ್ಲ. ಆದರೂ ಕಾಲು ಏಳಲಿಲ್ಲ. ಮೊದಲ ಗಂಡನ ತಂಗಿ ಎಂದು ಹೇಳಿಕೊಂಡು ಆಕೆಯ ಬಾಗಿಲಲ್ಲಿ ಹೇಗೆ ನಿಲ್ಲುವುದು? ಆ ಮನೆಯವರು ಏನಂದುಕೊಂಡಾರು? ಆಕೆಯೇ "ಯಾರ್ರಿ ನೀವು?" ಅಂದುಬಿಟ್ಟರೆ? ಹಾಗಾಗಿ ಆ ಫೋಟೊ ನೋಡಿದಾಗ ಒಳ್ಳೆಯ ಉಪಾಯ ಸಿಕ್ಕಂತಾಯಿತು. ಪ್ರವಾಸದ ಹೆಂಗಸರಲ್ಲಿ ಒಬ್ಬಳಾಗಿ ಹೋಗಿ, ದೂರದಿಂದ ನೋಡಿ, ಸಂದರ್ಭ ಸಿಕ್ಕರೆ ಸೀರೆ ಕೊಟ್ಟು ಬರುವುದು. ಸಿಗದಿದ್ದರೆ ರೊಟ್ಟಿ ಉಂಡು ಸುಮ್ಮನೆ ಬರುವುದು. ಸೀರೆ, ಒಂದು ಖಣ, ಕುಂಕುಮದ ಭರಣಿ ಬ್ಯಾಗಿಗೆ ಹಾಕಿಕೊಂಡೆ. ಗಂಡನಿಗೂ ಹೇಳಲಿಲ್ಲ.

ಅಪ್ಪಾಸಾಬ ಮೊದಲು ಖಾಸಗಿ ಬಸ್ಸಿನಲ್ಲಿ ಕಂಡಕ್ಟರ್ ಆಗಿದ್ದವರಂತೆ. ಆ ಚಟ ಇನ್ನೂ ಹೋಗಿರಲಿಲ್ಲ. ಹೊಳೆದಂಡೆಯಲ್ಲಿ ಬೆಳ್ಳಕ್ಕಿ ತೋರಿಸುವಾಗಲೂ, "ಮುಂದ ಸರೀರಿ, ಹಿಂದಿನವ್ರಿಗೂ ಕಾಣ್ಲಿ," ಎನ್ನುತ್ತಿದ್ದರು. ನಿಂತು ಹರಟುವವರಿಗೆ ಸೀಟಿ ಊದುತ್ತಿದ್ದರು. ಬದುವಿನಲ್ಲಿ ಹಕ್ಕರಕಿ ಸೊಪ್ಪು ಕಿತ್ತು, ಮಣ್ಣು ಝಾಡಿಸಿ, "ಹಸೀದ ತಿನ್ರಿ, ಏನೂ ಆಗೂದಿಲ್ಲ," ಎಂದು ಎಲ್ಲರ ಕೈಗಿಟ್ಟರು. ದ್ರಾಕ್ಷಿ ತೋಟದಲ್ಲಿ ನೆರಳಿಗೆ ನೆರಳು, ಹಣ್ಣಿಗೆ ಹಣ್ಣು. ನಮ್ಮ ಶಾಂತಾ ಟೀಚರ್ ಗಾಣದ ಹತ್ತಿರ ಬಿಸಿ ಬೆಲ್ಲ ನಾಲಿಗೆಗೆ ಹಚ್ಚಿ ಸುಟ್ಟುಕೊಂಡು, ಅರ್ಧ ತಾಸು ಮಾತಾಡಲಿಲ್ಲ. ಅವರು ಅಷ್ಟು ಹೊತ್ತು ಸುಮ್ಮನಿದ್ದದ್ದನ್ನು ನಾವ್ಯಾರೂ ಅದಕ್ಕೂ ಮೊದಲು ಕಂಡಿರಲಿಲ್ಲ. ಎಲ್ಲರೂ ನಕ್ಕರು, ನಾನೂ ನಕ್ಕೆ. ಆದರೆ ಬೆಲ್ಲದ ರುಚಿ ನನಗೆ ಹತ್ತಲಿಲ್ಲ. ಬ್ಯಾಗನ್ನು ಒತ್ತಿ ಹಿಡಿದುಕೊಂಡೇ ತಿರುಗುತ್ತಿದ್ದೆ.

ಮಂಗಸೂಳಿಯ ಮಲ್ಲಯ್ಯನ ಗುಡಿಯಲ್ಲಿ ಕೈಮುಗಿದು ಹೊಲಕ್ಕೆ ಹೋದಾಗ ಮಧ್ಯಾಹ್ನವಾಗಿತ್ತು. ಸುತ್ತಲೂ ಕಬ್ಬು, ನಡುವೆ ಒಂದು ಪಟ್ಟಿಯಲ್ಲಿ ಮಾತ್ರ ಜೋಳ ನಿಂತಿತ್ತು. ಬೇವಿನ ಗಿಡ, ಅದರ ಕೆಳಗೆ ಒಲೆ, ಆಚೆ ತಗಡಿನ ಸಣ್ಣ ಮನೆ. ಒಲೆಯ ಮುಂದೆ ಆಕೆ ಕೂತಿದ್ದಳು. ಮೈ ಸ್ವಲ್ಪ ತುಂಬಿಕೊಂಡಿತ್ತು. ಅದೇ ಎಡಗೈ. ಗಿಡದ ಬುಡದಲ್ಲಿ ಹೊರಸಿನ ಮೇಲೆ ಆಕೆಯ ಅತ್ತೆ, ಹಣ್ಣಾದ ಮುದುಕಿ, ಕೂತು ಎಲ್ಲರನ್ನೂ ಎಣಿಸುವಂತೆ ನೋಡುತ್ತಿದ್ದಳು. ನನ್ನ ಧೈರ್ಯವೆಲ್ಲ ಅಲ್ಲೇ ಇಳಿದುಹೋಯಿತು. ಹೋಗಿ ಸಾಲಿನ ತುದಿಯಲ್ಲಿ, ಎಲ್ಲರ ಬೆನ್ನ ಮರೆಯಲ್ಲಿ ಕೂತೆ.

ಮೊದಲು ಸೀತನಿ. ಹಾಲುಗಾಳಿನ ಜೋಳದ ತೆನೆಯನ್ನು ಕುಳ್ಳಿನ ಕೆಂಡದಲ್ಲಿ ಸುಟ್ಟು, ಬಿಸಿ ಇರುವಾಗಲೇ ಅಂಗೈಯಲ್ಲಿ ಉಜ್ಜಿ, ಹೊಟ್ಟು ಊದಿ ಕೊಡುವುದು. ತಡಮಾಡಿದರೆ ಕಾಳು ಬಿರುಸಾಗುತ್ತದೆ, ಆದ್ದರಿಂದ ಉಜ್ಜಿದವರೇ ಓಡಾಡಿ ಬಡಿಸಬೇಕು. ವೈನಿ ಒಲೆ ಬಿಟ್ಟು ಎದ್ದಳು. ತೆನೆ ಉಜ್ಜಿ ಉಜ್ಜಿ ಒಬ್ಬೊಬ್ಬರ ತಾಟಿಗೆ ಹಾಕುತ್ತ ಸಾಲಿನ ಗುಂಟ ಬಂದಳು. ನಾನು ತಲೆ ಎತ್ತಲಿಲ್ಲ. ಆಕೆಯ ಕಾಲುಂಗುರ ನನ್ನ ಮುಂದೆ ಬಂದು ನಿಂತಿತು.

ನನ್ನ ತಾಟು ಪಕ್ಕದಲ್ಲೇ ಇತ್ತು. ಆದರೆ ನನ್ನ ಕೈ ಮಾಡಿದ್ದೇ ಬೇರೆ. ಚಿಕ್ಕವಳಿದ್ದಾಗ ಸೀತನಿ ಬಿಸಿ ಎಂದು ನಾನು ಕೈ ಒಡ್ಡುತ್ತಿರಲಿಲ್ಲ, ಲಂಗ ಒಡ್ಡುತ್ತಿದ್ದೆ. ಲಂಗ ಕಪ್ಪಾದದ್ದಕ್ಕೆ ವೈನಿ ಬೈಸಿಕೊಳ್ಳುತ್ತಿದ್ದಳು. ಅವತ್ತೂ ನನಗೆ ಗೊತ್ತಿಲ್ಲದಂತೆ ಎರಡೂ ಕೈಯಲ್ಲಿ ಸೆರಗು ಹಿಡಿದು ಒಡ್ಡಿದ್ದೆ.

"ತಾಟ ಹಿಡೀರಿ ಅಕ್ಕಾರ, ಸೆರಗು ಕರ್ರಗಾಕ್ಕೈತಿ," ಅಂದಳು. ಅನ್ನುತ್ತಲೇ ಬೊಗಸೆಯನ್ನು ನನ್ನ ಸೆರಗಿಗೆ ಸುರಿದಳು. ಸುರಿದವಳು ಹಾಗೇ ನಿಂತಳು. ಬಾಗಿ ನನ್ನ ಮುಖ ನೋಡಿದಳು.

"ಸುಮ್ಮೀ?"

ತಲೆ ಆಡಿಸಿದೆ ಅಷ್ಟೇ. ಸಾಲಿನಲ್ಲಿ ಎಲ್ಲರೂ ತಿನ್ನುವುದನ್ನು ನಿಲ್ಲಿಸಿದರು. ಹೊರಸಿನ ಮೇಲಿನ ಮುದುಕಿ ಕುತ್ತಿಗೆ ಚಾಚಿ, "ಕೋಣ ಗ ತೀ? ಯಾರ ಬೇ ಆಕಿ?" ಎಂದು ಮರಾಠಿ ಬೆರೆಸಿ ಕೇಳಿದಳು. ವೈನಿ ಅಂಗೈಗೆ ಹತ್ತಿದ ಹೊಟ್ಟು ಝಾಡಿಸಿಕೊಂಡಳು. ನಾನು ಬರಬಾರದಿತ್ತು, ಆಕೆಯ ಸಂಸಾರದಲ್ಲಿ ಹುಳಿ ಹಿಂಡಿದೆ ಎಂದುಕೊಂಡೆ.

"ನನ್ನ ನಾದನಿ ಅದಾಳ್ರಿ ಅತ್ತಿ. ಅಲಖನೂರಾಕಿ. ನಾ ಬೆಳಿಸಿದ ಹುಡುಗಿ," ಅಂದಳು ವೈನಿ. ಎಲ್ಲರಿಗೂ ಕೇಳುವ ಹಾಗೆಯೇ ಅಂದಳು.

ಮುದುಕಿ ನನ್ನನ್ನು ಮೇಲಿಂದ ಕೆಳಗೆ ನೋಡಿ, "ಈಗ ದಾರಿ ಸಿಕ್ತೇನ ನಿಮಗ?" ಎಂದು ಗದರಿದಳು. "ಪ್ರತಿ ಪಂಚಮಿಗೆ ಓಣ್ಯಾಗಿನ ಹೆಣ್ಮಕ್ಕಳ್ನ ಕರಿಯಾಕ ತವರಿನವ್ರು ಬರ್ತಿದ್ರು. ಈಕಿ ಹೊಸ್ತಿಲದಾಗ ನಿಂತು ದಾರಿ ನೋಡಾಕಿ. ಯಾರೂ ಬರ್ತಿದ್ದಿಲ್ಲ. ನಾನ ಕೈ ಹಿಡದು ಒಳಗ ಕರಕೊಂಡು ಹೋಗ್ತಿದ್ದೆ." ಆಮೇಲೆ ದನಿ ಇಳಿಸಿ, "ಏಳವಾ, ಮನ್ಯಾಕಿ ಹೊರಗ ಕುಂತು ಉಣಬಾರ್ದು. ಒಳಗ ಹೋಗು," ಅಂದಳು.

ಸೀತನಿ ತುಂಬಿದ ಸೆರಗು ಹಿಡಿದುಕೊಂಡೇ ನಾನು ವೈನಿಯ ಹಿಂದೆ ತಗಡಿನ ಮನೆಯೊಳಗೆ ಹೋದೆ. ಕೂಡಲಿಕ್ಕೂ ನನಗೆ ಆಗಲಿಲ್ಲ. ಅವ್ವ ಹೋದದ್ದನ್ನು ಹೇಳಿದೆ. ಆಕೆ ಗೋಡೆಗೆ ಒರಗಿದಳು.

"ಸುಮ್ಮಿ, ಒಂದ ಮಾತು ಹೇಳು. ಅವ್ವ ಯಾಕ ಒಮ್ಮೀನೂ ಬರ್ಲಿಲ್ಲ? ಹೋದ ಮ್ಯಾಲೆ ನಾ ಬ್ಯಾರೇದಾಕಿ ಆದ್ನೇನ?"

ಅವ್ವ ಹೇಳುತ್ತಿದ್ದದ್ದನ್ನು ಹಾಗೆಯೇ ಹೇಳಿದೆ. ಸಸಿ ಕಿತ್ತು ಹಚ್ಚಿದ್ದು, ಬೇರು ಹತ್ತುವ ತನಕ ಮುಟ್ಟಬಾರದು ಅಂದದ್ದು. ವೈನಿ ಕೇಳಿಸಿಕೊಂಡಳು. ಆಮೇಲೆ ನಗುತ್ತಾಳೋ ಅಳುತ್ತಾಳೋ ತಿಳಿಯದ ಹಾಗೆ ಅಂದಳು: "ಹತ್ತಿತ್ತಲ್ಲ ಸುಮ್ಮಿ, ಎಂದೋ ಹತ್ತಿತ್ತು. ಎರಡು ಮಕ್ಕಳ ಮದಿವಿ ಆತು. ನೆಟ್ಟಾಕಿ ಒಮ್ಮಿ ಬಂದು ನೋಡಬಾರ್ದಾಗಿತ್ತೇನ?"

ನಾನು ಸೆರಗನ್ನು ಒಂದು ಕೈಯಲ್ಲಿ ಒಟ್ಟುಮಾಡಿಕೊಂಡು ಬ್ಯಾಗು ಮುಂದಕ್ಕೆ ಎಳೆದುಕೊಂಡೆ.

ಹೊರಗೆ ಅಪ್ಪಾಸಾಬರ ಸೀಟಿ ಕೇಳಿಸಿತು. ಅವಸರದಲ್ಲಿ ಒಂದು ಕೈಯಿಂದ ಬ್ಯಾಗು ಬಿಚ್ಚಿ ಸೀರೆ ತೆಗೆದೆ, ಖಣ ತೆಗೆದೆ, ಕುಂಕುಮ ತೆಗೆದೆ. ಆಗ ಗೊತ್ತಾಯಿತು, ಉಡಿಗೆ ಬೇಕಾದ ಕಾಳನ್ನೇ ತಂದಿರಲಿಲ್ಲ. ಇಷ್ಟು ವರ್ಷದ ಮೇಲೆ ಉಡಿ ತುಂಬಲು ಬಂದವಳು ನಿಪ್ಪಾಣಿಯ ಅಡುಗೆಮನೆಯಲ್ಲೇ ಕಾಳು ಮರೆತು ಬಂದಿದ್ದೆ! ಮೂಲೆಯಲ್ಲಿ ಜೋಳದ ಚೀಲ ಇತ್ತು. ಅದಕ್ಕೆ ಕೈ ಹಾಕಲು ಹೋದೆ. ವೈನಿ ಕೈ ಹಿಡಿದಳು.

"ನನ್ನ ಮನಿ ಜೋಳ ನನ್ನ ಉಡಿಗಿ ಹ್ಯಾಂಗ ನಡೀತೈತಿ, ಹುಚ್ಚಿ? ತವರಿನದು ಬೇಕು." ಆಮೇಲೆ ನನ್ನ ಸೆರಗು ನೋಡಿದಳು. "ಅದ ಐತೆಲ್ಲ. ನಿನಗ ಕೊಟ್ಟೀನಿ ಅಂದ ಮ್ಯಾಲೆ ಅದು ನಿಂದ."

ಆಕೆ ಸೆರಗು ಒಡ್ಡಿದಳು. ಹಣೆಗೆ ಕುಂಕುಮ ಹಚ್ಚಿ, ಅವ್ವನ ಸೀರೆ ಇಟ್ಟು, ಖಣ ಇಟ್ಟು, ನನ್ನ ಸೆರಗಿನ ಸೀತನಿಯನ್ನು ಬೊಗಸೆ ಬೊಗಸೆಯಾಗಿ ಆಕೆಯ ಉಡಿಗೆ ಹಾಕಿದೆ. ಕಾಳು ಇನ್ನೂ ಬೆಚ್ಚಗಿದ್ದವು. ಉಡಿ ತುಂಬುವಾಗ ಹೇಳುವ ಮಾತು ಯಾವುದೂ ನನಗೆ ನೆನಪಾಗಲಿಲ್ಲ. "ಅವ್ವ ಕಳಿಸ್ಯಾಳ ವೈನಿ," ಎಂದೆ, ಅಷ್ಟೇ. ಆಕೆ ಉಡಿಯನ್ನು ಎದೆಗೆ ಒತ್ತಿಕೊಂಡು ಅತ್ತಳು. ಆಮೇಲೆ ಮೂಗು ಒರೆಸಿಕೊಂಡು, ತನ್ನ ಚೀಲದ ಜೋಳ ತೆಗೆದು ನನ್ನ ಉಡಿ ತುಂಬಿದಳು. ಅವ್ವ ಹೋದ ಮೇಲೆ ನನ್ನ ಉಡಿ ಯಾರೂ ತುಂಬಿರಲಿಲ್ಲ.

ಬಸ್ಸು ಹತ್ತಿದಾಗ ಅಪ್ಪಾಸಾಬ ನನ್ನ ಮುಖ ನೋಡಿ ಸೀಟಿಯನ್ನು ಜೇಬಿಗೆ ಹಾಕಿಕೊಂಡರು. ಶಾಂತಾ ಟೀಚರ್ ನಾಲಿಗೆ ಸುಟ್ಟಿದ್ದನ್ನೂ ಮರೆತು, "ನೀವು ರೊಟ್ಟೀನ ಉಣಲಿಲ್ಲಲ್ರಿ," ಎಂದು ಕೊರಗಿದರು. ವೈನಿ ಕಟ್ಟಿಕೊಟ್ಟ ರೊಟ್ಟಿ ನನ್ನ ತೊಡೆಯ ಮೇಲಿತ್ತು. ಮನೆ ಮುಟ್ಟುವ ತನಕ ಅದನ್ನು ಬಿಚ್ಚಲಿಲ್ಲ.

ಆ ಸೆರಗಿನ ಕಪ್ಪು ಇನ್ನೂ ಹೋಗಿಲ್ಲ. ನೆನಪಿಗೆಂದು ಹಾಗೇ ಬಿಟ್ಟಿದ್ದೇನೆ ಅಂದುಕೊಳ್ಳಬೇಡಿ, ಸಾಬೂನು ಹಚ್ಚಿ ಚೆನ್ನಾಗಿಯೇ ತಿಕ್ಕಿದ್ದೇನೆ. ಪಂಚಮಿಗೆ ನನ್ನ ಗಂಡ ಹೋಗಿ ವೈನಿಯನ್ನು ನಮ್ಮ ಮನೆಗೆ ಕರೆತಂದರು. ಆಕೆಯ ಅತ್ತೆ ಉಂಡಿಯ ಡಬ್ಬಿ ಕೊಟ್ಟು ಕಳಿಸಿದ್ದಳು. ಈಗ ನಾನು ಬೇಕೆನಿಸಿದಾಗ ಮಂಗಸೂಳಿಗೆ ಹೋಗಿ ಬರುತ್ತೇನೆ. ಬಸ್ಸಿನಲ್ಲಿ ಪಕ್ಕದ ಸೀಟು ಖಾಲಿ ಇದ್ದರೂ ಬ್ಯಾಗನ್ನು ತೊಡೆಯ ಮೇಲೆಯೇ ಇಟ್ಟುಕೊಳ್ಳುತ್ತೇನೆ. ಬೇರು ಹತ್ತಿದೆ, ನಡಿ ಅವ್ವಾ, ನೋಡಿ ಬರೋಣ ಎಂದು ಎಬ್ಬಿಸಿಕೊಂಡು ಹೋಗಲು ಅವ್ವ ಇಲ್ಲ.