ಮೌನ ಕಾಯುವ ಪೆಟ್ಟಿಗೆ

ಗುಡ್ಡದ ಮೇಲಿನ ಆ ಒಂಟಿ ಕೋಣೆಯಲ್ಲಿ ಒಂದು ಟ್ರಾನ್ಸ್‌ಮಿಟರು, ಒಂದು ಮರದ ಕುರ್ಚಿ, ಗೋಡೆಯ ಮೇಲೊಂದು ಹಳೆಯ ಫೋನು, ಮತ್ತು ಟವರಣ್ಣ. ಊರಿನ ರಾಕ್ ರೇಡಿಯೊ ಮನೆಮನೆಯಲ್ಲಿ ಗದ್ದಲ ಎಬ್ಬಿಸುತ್ತಿದ್ದುದು ಇಲ್ಲಿಂದಲೇ. ಆದರೆ ಟವರಣ್ಣನ ಪಾಲಿಗೆ ಸಿಕ್ಕಿದ್ದು ಫ್ಯಾನಿನ ಗುಂಯ್‌ಗುಟ್ಟುವಿಕೆ. ಮಾತಿಗೆ ಯಾರೂ ಇಲ್ಲದ್ದರಿಂದ ಮೀಟರಿನ ಮುಳ್ಳುಗಳನ್ನೇ ವಿಚಾರಿಸಿಕೊಳ್ಳುತ್ತಿದ್ದ.

"ಏನಪ್ಪಾ, ಇವತ್ತು ಒಂಚೂರು ಇಳಿದುಹೋಗಿದ್ದೀಯ? ಮೈಗೆ ಹುಷಾರಿಲ್ವಾ?"

ಮೊದಲು ಹೀಗಿರಲಿಲ್ಲ. ಕ್ಯಾಸೆಟ್ ಅಂಗಡಿಯ ಸಾಹುಕಾರರಿಗೆ ರಾಕ್ ಹಾಡಿನ ಹುಚ್ಚು ತಲೆಗೇರಿ, ಲೈಸೆನ್ಸಿಗಾಗಿ ಚಪ್ಪಲಿ ಸವೆಸಿ, ಟೈರ್ ಅಂಗಡಿಯ ಮೇಲಿನ ಮಹಡಿಯಲ್ಲಿ ಶುರುಮಾಡಿದ ಸ್ಟೇಷನ್ನು ಅದು. ಗೋಡೆಗೆ ಹಳೆಯ ಹಾಸಿಗೆಗಳನ್ನು ಮೊಳೆ ಹೊಡೆದು ನಿಲ್ಲಿಸಿದ್ದರು. ಆದರೂ ಕೆಳಗೆ ಟೈರಿನ ಮೇಲೆ ಸುತ್ತಿಗೆ ಬಿದ್ದರೆ ಡ್ರಮ್ಮಿನ ಜೊತೆಗೆ ಅದೂ ಊರಿಗೆಲ್ಲ ಕೇಳಿಸುತ್ತಿತ್ತು. ಮೈಕಿನ ಮುಂದೆ ಕೂರುತ್ತಿದ್ದವಳು ಟವರಣ್ಣನ ತಂಗಿ. ಕೇಳುಗರು ಅವಳನ್ನು ಕರೆಯುತ್ತಿದ್ದುದು ಗುಡುಗಕ್ಕ ಎಂದು.

"ಈ ಹಾಡು ಕೇಳ್ತಾ ಗಾಡಿ ಓಡಿಸ್ಬೇಡಿ. ಓಡಿಸಿ ಎಲ್ಲಾದ್ರೂ ಗುದ್ದಿದ್ರೆ ಚಿಂತೆ ಬೇಡ, ನಮ್ಮ ಕೆಳಗಡೆ ಟೈರ್ ಅಂಗಡಿ ಇದೆ," ಎನ್ನುವಳು. ಜಾಹೀರಾತು ಮುಗಿದೇಹೋಯಿತು! ಟೈರಿನವನಿಗೆ ಖುಷಿ, ಸಾಹುಕಾರರಿಗೆ ಅವನಿಗಿಂತ ಖುಷಿ.

ತಂದೆ ತಾಯಿ ಹೋದ ಮೇಲೆ ಅಣ್ಣ ತಂಗಿ ಇಬ್ಬರೇ. ಅವಳು ಮಾತಾಡುವಳು, ಇವನು ಅದನ್ನು ಊರಿಗೆ ಮುಟ್ಟಿಸುವನು.

ಟ್ರಾನ್ಸ್‌ಮಿಟರಿನ ಪಕ್ಕದಲ್ಲಿ ಒಂದು ಪುಟ್ಟ ಪೆಟ್ಟಿಗೆ ಇತ್ತು. ಅದರ ಕೆಲಸ ಮೌನ ಕಾಯುವುದು. ಸ್ಟುಡಿಯೊದಿಂದ ಬರುವ ದನಿ ಕೆಲವು ಸೆಕೆಂಡು ನಿಂತರೆ, ಏನೋ ಕೆಟ್ಟಿದೆ ಎಂದು ತಿಳಿದು ಅದು ತಾನಾಗಿಯೇ ಪಕ್ಕದ ಟೇಪನ್ನು ಪ್ರಸಾರಕ್ಕೆ ಬಿಡುತ್ತಿತ್ತು. ಆ ಟೇಪಿನಲ್ಲಿದ್ದುದು ತಂಗಿಯ ದನಿ. ಒಂದೇ ಒಂದು ತೊಡಕು: ಊರಿನದೇ ಒಂದು ತಂಡದ ಹಾಡಿನ ನಡುವೆ ಗಿಟಾರು, ಡ್ರಮ್ಮು ಎಲ್ಲ ಗಪ್ಪನೆ ನಿಂತು, ಕೇಳುವವನ ಉಸಿರು ಸಿಕ್ಕಿಹಾಕಿಕೊಳ್ಳುವಷ್ಟು ಹೊತ್ತು ಸುಮ್ಮನಿದ್ದು, ಆಮೇಲೆ ಒಮ್ಮೆಲೇ ಸಿಡಿಯುತ್ತಿದ್ದವು. ಪೆಟ್ಟಿಗೆಗೆ ಹಾಡಿನ ಮೌನ ಯಾವುದು, ಕೆಟ್ಟ ಮೌನ ಯಾವುದು ಎಂದು ಗೊತ್ತಾಗುವುದಿಲ್ಲ. ಹಾಗಾಗಿ ಟವರಣ್ಣ ಮೊದಲ ದಿನವೇ ಆ ಹಾಡಿನ ಮೌನವನ್ನು ಅಳೆದು, ಪೆಟ್ಟಿಗೆ ಅದಕ್ಕಿಂತ ಸ್ವಲ್ಪ ಹೆಚ್ಚು ಹೊತ್ತು ಕಾಯುವಂತೆ ಅದರ ತಿರುಪನ್ನು ತಿರುಗಿಸಿಟ್ಟಿದ್ದ.

ಸಾಹುಕಾರರಿಗೆ ವಯಸ್ಸಾಯಿತು. ಸ್ಟೇಷನ್ನನ್ನು ದೂರದ ಕಂಪನಿಯೊಂದಕ್ಕೆ ಮಾರಿದರು. ಇನ್ನು ಮುಂದೆ ಹಾಡು, ಮಾತು ಎಲ್ಲ ಅಲ್ಲಿಂದಲೇ ಬರುತ್ತದೆ, ಇಲ್ಲಿ ಟವರು ನೋಡಿಕೊಳ್ಳಲು ಒಬ್ಬ ಸಾಕು ಎಂದಿತು ಕಂಪನಿ. ತಂಗಿ ಹೆಡ್‌ಫೋನನ್ನು ಕುತ್ತಿಗೆಗೆ ಹಾಕಿಕೊಂಡು ಗುಡ್ಡ ಹತ್ತಿ ಬಂದಳು.

"ಬಾರೋ ಅಣ್ಣ, ಹೋಗೋಣ. ಇಬ್ಬರೂ ಬಿಟ್ಟರೆ ಇವರಿಗೂ ಗೊತ್ತಾಗುತ್ತೆ."

"ನಾನು ಬಂದ್ರೆ ಟ್ರಾನ್ಸ್‌ಮಿಟರ್ ಯಾರೇ ನೋಡ್ಕೊಳ್ತಾರೆ?"

ಅವಳು ಅವನ ಮುಖವನ್ನೇ ನೋಡಿದಳು. "ನನ್ನನ್ನ ಯಾರು ನೋಡ್ಕೊಳ್ತಾರೆ ಅಂತ ಕೇಳ್ಬೇಕು ಅನ್ನಿಸಲಿಲ್ಲ, ಅಲ್ವಾ?"

ಹೋದವಳು ಹೋದಳು. ಮನೆ ಬದಲಾಯಿಸಿದಳು, ನಂಬರು ಬದಲಾಯಿಸಿದಳು. ಎಲ್ಲಿದ್ದಾಳೆಂದು ಕೇಳಿದರೆ ನೆಂಟರು ಮಾತು ತೇಲಿಸಿದರು. ಸಿಗ್ನಲ್ ಮುಟ್ಟುವಷ್ಟು ದೂರದಲ್ಲಿ ಇದ್ದರೆ ಒಂದಲ್ಲ ಒಂದು ದಿನ ಫೋನು ಮಾಡಿಯಾಳು ಎಂಬುದೊಂದೇ ಅವನ ಆಸೆ. ಅದಕ್ಕೇ ಮುಳ್ಳು ಕೂದಲೆಳೆಯಷ್ಟು ಇಳಿಯಲೂ ಬಿಡದೆ ವರ್ಷಗಟ್ಟಲೆ ಕಾದ. ಕಂಪನಿಯವರು ಸ್ಟೇಷನ್ನಿನ ಹೆಸರು ಬದಲಿಸಿದರು, ಹಾಡು ಬದಲಿಸಿದರು. ಗುಡ್ಡದ ಟೇಪಿನ ನೆನಪು ಮಾತ್ರ ಅವರಿಗೆ ಬರಲಿಲ್ಲ. ತಿಂಗಳಿಗೊಮ್ಮೆ ಟವರಣ್ಣ ಹೆಡ್‌ಫೋನು ಹಾಕಿಕೊಂಡು ಅದನ್ನು ಪರೀಕ್ಷಿಸುತ್ತಿದ್ದ. ನಿಯಮವೇನೋ ಇತ್ತು. ಆದರೆ ಪರೀಕ್ಷೆಗೆ ಒಂದು ಸಲ ಕೇಳಿದರೆ ಸಾಕಾಗಿತ್ತು.

ಈಚೆಗೆ ಕಂಪನಿ ಭಾನುವಾರದ ಮಧ್ಯಾಹ್ನ ಊರಿನ ಹಳೆಯ ಹಾಡುಗಳಿಗೆಂದು ಒಂದು ಗಂಟೆ ಕೊಟ್ಟಿತು. ಅದೇ ವಾರ ಮೌನ ಕಾಯುವ ಪೆಟ್ಟಿಗೆ ಸುಟ್ಟುಹೋಯಿತು. ಟವರಣ್ಣ ಹೊಸದನ್ನು ಕೂರಿಸಿದ, ತಂತಿ ಬಿಗಿದ, ಧೂಳು ಒರೆಸಿದ. ತಿರುಪು ಮಾತ್ರ ಕಾರ್ಖಾನೆಯವರು ಇಟ್ಟಲ್ಲೇ ಉಳಿಯಿತು. ನಡುವೆ ನಿಲ್ಲುವ ಆ ಹಾಡು ಮತ್ತೆ ಪ್ರಸಾರವಾದೀತೆಂದು ಅವನಿಗೆ ಹೊಳೆದಿರಲೇ ಇಲ್ಲ.

ಭಾನುವಾರ ಪ್ರಸಾರ ಕೇಳಲೆಂದು ಸ್ಪೀಕರು ಹಾಕಿ, ಚಹಾ ಲೋಟ ಹಿಡಿದು ನಿಂತಿದ್ದಾಗ ಆ ಹಾಡು ಬಂತು. ಗಿಟಾರು ನಿಂತಿತು, ಡ್ರಮ್ಮು ನಿಂತಿತು. ಪೆಟ್ಟಿಗೆಯೊಳಗೆ ಟಕ್ ಎಂದಿತು.

"ನಮಸ್ಕಾರ, ನಾನು ಗುಡುಗಕ್ಕ. ದನಿ ನಿಂತಿದೆ, ನಾವು ನಿಂತಿಲ್ಲ. ನಮ್ಮಣ್ಣ ಯಾವುದೋ ತಂತಿ ಹುಡುಕ್ತಿದ್ದಾನೆ. ಸಿಗುತ್ತೆ, ಪಾಪ. ಅಲ್ಲೀವರೆಗೂ ಎಲ್ಲೂ ಹೋಗ್ಬೇಡಿ."

ಟವರಣ್ಣ ಕಿವಿ ಮುಟ್ಟಿ ನೋಡಿಕೊಂಡ. ಹೆಡ್‌ಫೋನು ಮೊಳೆಯಲ್ಲೇ ತೂಗುತ್ತಿತ್ತು. ದನಿ ಸ್ಪೀಕರಿನಿಂದ ಬರುತ್ತಿತ್ತು, ಎಂದರೆ ಇಡೀ ಊರಿಗೆ ಹೋಗುತ್ತಿತ್ತು.

ಮೊದಲು ಫೋನು ಮಾಡಿದವನು ಕಂಪನಿಯ ಮ್ಯಾನೇಜರು. "ಯಾರ್ರೀ ಅದು ಹೆಂಗಸು? ಯಾವ ಗುಡುಗು, ಯಾವ ಸಿಡಿಲು? ಹೊಸ ಟೇಪ್ ಕಳಿಸ್ತೀನಿ, ಬಂದ ತಕ್ಷಣ ಹಾಕಿ!"

"ಆಗ್ಲಿ ಸಾರ್."

ಫೋನಿಟ್ಟು ಕೂತಿದ್ದನೋ ಇಲ್ಲವೋ, ಮತ್ತೆ ಗಂಟೆ. ಎತ್ತಿ ಕಿವಿಗಿಟ್ಟ. ಹಿಂದೆಲ್ಲೋ ಇದೇ ಸ್ಟೇಷನ್ನಿನ ಹಾಡು ಸಣ್ಣಗೆ ಕೇಳುತ್ತಿತ್ತು.

"ತಿರುಪು ತಿರುಗಿಸೋದು ಮರೆತೆಯೇನೋ ಅಣ್ಣ?"

ಅವನು ಫೋನನ್ನು ಕಿವಿಗೆ ಒತ್ತಿಕೊಂಡ. "ಹೂಂ. ಹೊಸ ಪೆಟ್ಟಿಗೆ."

"ಆ ಟೇಪು ಇನ್ನೂ ಇಟ್ಕೊಂಡಿದ್ದೀಯಾ?"

"ಎಮರ್ಜೆನ್ಸಿಗೆ ಅಂತ."

"ಇಷ್ಟು ವರ್ಷದಲ್ಲಿ ಎಷ್ಟು ಸಲ ಬಂತು?"

"ಒಂದು ಸಲಾನೂ ಇಲ್ಲ ಕಣೇ. ದನಿ ನಿಲ್ಲೋಕೆ ನಾನು ಬಿಟ್ಟಿಲ್ಲ," ಎಂದ. ಹೇಳುವಾಗ ಹಳೆಯ ಹೆಮ್ಮೆ ತಾನಾಗಿಯೇ ನುಸುಳಿತು.

ಆ ಕಡೆ ನಗುವೋ ನಿಟ್ಟುಸಿರೋ ತಿಳಿಯಲಿಲ್ಲ. "ನಾನಿದ್ದಾಗ ಹಾಕಿದ್ದೆಲ್ಲ ಕಿತ್ತೆಸೆದಿದ್ದೀಯ ಅಂದ್ಕೊಂಡಿದ್ದೆ. ಒಂದೇ ಒಂದು ಸಲ ದನಿ ನಿಂತು ಆ ಟೇಪು ಬಂದಿದ್ರೆ ನಾನು ಯಾವತ್ತೋ ಫೋನ್ ಮಾಡ್ತಿದ್ದೆ." ಆಮೇಲೆ, "ಒಲೆ ಮೇಲೆ ಹಾಲಿಟ್ಟಿದ್ದೀನಿ. ಹೋಗು, ಸರಿ ಮಾಡ್ಕೋ."

ಫೋನು ಕಟ್ಟಾಯಿತು. ಎಲ್ಲಿದ್ದೀಯೆ ಎಂದು ಕೇಳಿರಲಿಲ್ಲ, ನಂಬರನ್ನೂ ಕೇಳಿರಲಿಲ್ಲ. ಗೋಡೆಯ ಹಳೆಯ ಫೋನು ಕರೆದವರ ಗುರುತು ಹೇಳುವಂಥದ್ದಲ್ಲ.

ಟವರಣ್ಣ ಸ್ಕ್ರೂಡ್ರೈವರ್ ತಂದು ಪೆಟ್ಟಿಗೆಯ ಮುಂದೆ ಕುಕ್ಕರುಗಾಲಲ್ಲಿ ಕೂತ. ಅರ್ಧ ಸುತ್ತು ತಿರುಗಿಸಿದರೆ ಎಲ್ಲ ಸರಿಹೋಗುತ್ತಿತ್ತು. ತುದಿಯನ್ನು ತಿರುಪಿನ ಸೀಳಿನಲ್ಲಿಟ್ಟು ಬಹಳ ಹೊತ್ತು ಹಾಗೇ ಇದ್ದ. ಕೊನೆಗೆ ಸ್ಕ್ರೂಡ್ರೈವರನ್ನು ಜೇಬಿಗೆ ಹಾಕಿಕೊಂಡು, ಕುರ್ಚಿಯನ್ನು ಫೋನಿನ ಪಕ್ಕಕ್ಕೆ ಎಳೆದು ಕೂತ. ಆ ಹಾಡು ಮತ್ತೆ ಬರಬೇಕೆಂದರೆ ಮುಂದಿನ ಭಾನುವಾರ. ಹೊಸ ಟೇಪು ಅದಕ್ಕಿಂತ ಮುಂಚೆ ಬಾರದಿದ್ದರೆ ಸಾಕಿತ್ತು.