ಟವೆಲ್ ಹೊದ್ದ ಡ್ರಮ್ಮು

ಕ್ಲೈವ್ ಅಂಕಲ್ ತಮ್ಮ ವಾದ್ಯಕ್ಕೆ ದಪ್ಪ ಟವೆಲ್ ಹೊದಿಸಿ ಬಾರಿಸುತ್ತಿದ್ದರು. ಎಣ್ಣೆ ಪೀಪಾಯಿಯ ತಳ ಬಡಿದು ಮಾಡಿದ ಸ್ಟೀಲ್ ಡ್ರಮ್ಮು ಅದು. ಟ್ರಿನಿಡಾಡಿನಲ್ಲಿ ಬೀದಿಗೆಲ್ಲ ಕೇಳುವಂತೆ ನುಡಿಸಿದ ಮನುಷ್ಯ, ಟೆಕ್ಸಸ್‌ನ ಕ್ಯಾರಲ್ಟನ್ನಿನಲ್ಲಿ ರೆಕಾರ್ಡ್ ಅಂಗಡಿ ಇಟ್ಟ ಮೇಲೆ ಬಾಯಿ ಕಟ್ಟಿದವರಂತಾಗಿದ್ದರು. ಪಕ್ಕದ ಮಳಿಗೆಯ ಹಲ್ಲಿನ ಡಾಕ್ಟರಿಗೆ ಸದ್ದು ಆಗದು. ಅಲ್ಲಿ ವಾದ್ಯ ನುಡಿಸಕೂಡದೆಂದು ಕಟ್ಟಡದ ಮಾಲೀಕನ ಷರತ್ತು. ಡ್ರಮ್ಮು ಹೇರಿಕೊಂಡು ಊರೂರು ಸುತ್ತುತ್ತಿದ್ದ ವ್ಯಾನನ್ನು ಮಾರಿಯೇ ಅಂಗಡಿ ಹಾಕಿದ್ದರು.

"ಸಂಗೀತದ ಹತ್ರಾನೇ ಇರೋಣ ಅಂತ ಅಂಗಡಿ ತೆಗೆದೆ ಬೇಟಿ. ಈಗ ಅದೇ ನನ್ನ ಹಿಡ್ಕೊಂಡು ಕೂತಿದೆ" ಎನ್ನುತ್ತಿದ್ದರು. 'ಬೇಟಿ' ಅವರ ಊರಿನ ಹಿಂದೂ ನೆರೆಮನೆಯವರಿಂದ ಕಲಿತದ್ದಂತೆ.

ನನ್ನ ಪಾಡೇನು ಬೇರೆಯಾಗಿತ್ತೇ? ಕೆಲಸಕ್ಕೆ ಹೋಗಲು ವೀಸಾ ಬಿಡದು, ಕಾರು ಮುಟ್ಟಲು ಗಂಡ ಬಿಡ. ಟೆಕ್ಸಸ್‌ನಲ್ಲಿ ಕಾರಿಲ್ಲದವರಿಗೆ ಕಾಲೇ ಇಲ್ಲ. ಶನಿವಾರ ರಘು ನನ್ನನ್ನು ಇಂಡಿಯನ್ ಸ್ಟೋರಿನ ಮುಂದೆ ಇಳಿಸಿ ಕ್ರಿಕೆಟ್ಟಿಗೆ ಹೋದರೆ, ಅವನು ಬರುವವರೆಗೆ ಮೆಂತ್ಯದ ಸೊಪ್ಪು ತೊಡೆಯ ಮೇಲಿಟ್ಟುಕೊಂಡು ಅದೇ ಸಾಲಿನ ಅಂಕಲ್ ಅಂಗಡಿಯಲ್ಲಿ ಕೂರುತ್ತಿದ್ದೆ. ಡ್ರೈವಿಂಗ್ ಮಾತೆತ್ತಿದರೆ ರಘು, "ನಿಂಗ್ಯಾಕೆ ಕಾರು? ನಾನಿಲ್ವಾ?" ಎನ್ನುತ್ತಿದ್ದ. ಅಯ್ಯೋ, ಇದ್ದೀಯಪ್ಪಾ, ಅದೇ ತಾನೇ ತೊಂದರೆ!

ಅಂಗಡಿಯಲ್ಲಿ ಅಂಕಲ್ಲರದು ಒಂದೇ ಕಟ್ಟಳೆ. ರೆಕಾರ್ಡ್ ಹಾಕಿಸಿಕೊಂಡವರು ಹಾಡು ಮುಗಿಯುವವರೆಗೆ ಏಳುವಂತಿಲ್ಲ. ಯಾರಾದರೂ ಎದ್ದರೋ, "ಊಟದ ಮಧ್ಯೆ ಎಲೆ ಬಿಟ್ಟು ಏಳ್ತಾರೇನಯ್ಯಾ?" ಎಂದು ಗದರಿಯೇಬಿಡುವರು. ಹೀಗಾಗಿ ಗಿರಾಕಿಗಳೂ ಅಷ್ಟಕ್ಕಷ್ಟೆ.

"ನನ್ನ ವ್ಯಾನಂತೂ ಹೋಯ್ತು. ನೀನಾದ್ರೂ ಸ್ಟಿಯರಿಂಗ್ ಹಿಡಿ" ಎಂದು ನನ್ನ ಬೆನ್ನು ಹತ್ತಿದವರು ಅವರೇ. ನಮ್ಮ ಮೇಲಿನ ಮನೆಯ ಪದ್ಮಾ ಆಂಟಿ ಕಲಿಸಿಕೊಟ್ಟರು. ಲೈಸೆನ್ಸ್ ಬಂದ ದಿನ ರಘು ಮುಖ ಊದಿಸಿಕೊಂಡರೂ ಕೀ ಕೊಟ್ಟ.

ನಾವು ಆಸ್ಟಿನ್ ಕಡೆಯ ಸೀಡರ್ ಪಾರ್ಕ್ ಎಂಬ ದೂರದ ಊರಿಗೆ ಶಿಫ್ಟ್ ಆಗುವ ಮುಂಚಿನ ಭಾನುವಾರ, ಒಬ್ಬಳೇ ಕಾರು ತಂದು ಅಂಗಡಿಯೆದುರು ನಿಲ್ಲಿಸಿದೆ. "ಹತ್ತಿ ಅಂಕಲ್. ಡ್ರಮ್ಮೂ ಬರಲಿ" ಎಂದೆ. ಕೆರೆಯ ಬಳಿಯ ಖಾಲಿ ಪಾರ್ಕಿಂಗಿನಲ್ಲಿ ಟವೆಲ್ ಕಿತ್ತು ನೆಲಕ್ಕೆಸೆದು ಬಾರಿಸತೊಡಗಿದರು. ಅಬ್ಬಾ! ಈ ಮನುಷ್ಯನೊಳಗೆ ಇಷ್ಟೆಲ್ಲ ಇತ್ತೇ ಎಂದು ನನಗೆ ಅಳುವೇ ಬಂತು.

ಹಾಡು ಏರುತ್ತಿದ್ದಂತೆ ಕೈ ನಿಂತಿತು. ಅಂಕಲ್ ಗಡಿಯಾರ ನೋಡಿಕೊಂಡರು.

"ಯಾರಾದ್ರೂ ಬಂದು, ಬಾಗಿಲು ಹಾಕಿದೆ ಅಂತ ಹೋಗ್ಬಿಟ್ರೆ? ನಡಿ ಬೇಟಿ."

"ಊಟದ ಮಧ್ಯೆ ಏಳ್ತೀರಾ ಅಂಕಲ್?"

ಅವರು ಟವೆಲಿನ ಧೂಳು ಕೊಡವಿ ಡ್ರಮ್ಮಿಗೆ ಹೊದಿಸಿದರು.

ಅಂಗಡಿಗೆ ತಂದು ಇಳಿಸಿದೆ. ಒಳಗೆ ಹೋಗಿ ಬೋರ್ಡನ್ನು 'ಓಪನ್' ಕಡೆಗೆ ತಿರುಗಿಸಿ, ಗಾಜಿನ ಹಿಂದಿನಿಂದ ಕೈ ಬೀಸಿದರು. ಅವರನ್ನು ನಾನು ನೋಡಿದ್ದು ಅದೇ ಕೊನೆ. ಬಾಗಿಲಲ್ಲಿ ಒಬ್ಬ ಗಿರಾಕಿಯೂ ಇರಲಿಲ್ಲ.