ಬಾಕಿನ ಒಂದೇಟಿಗೆ ಎಷ್ಟು

ನಮ್ಮ ಅತ್ತೆ ಎಂಟು ವರ್ಷ ಮಾಡಿದ ಕೆಲಸ ಹುಲ್ಲಿನ ಬೊಂಬೆಗೆ ಹೊಡೆಯುವುದು. ಬೊಂಬೆ ಇದ್ದದ್ದು ಕಂಪ್ಯೂಟರಿನೊಳಗೆ. ವಿಡಿಯೋ ಗೇಮುಗಳನ್ನು ಅಂಗಡಿಗೆ ಕಳಿಸುವ ಮೊದಲು ಅವುಗಳಲ್ಲಿ ತಪ್ಪು ಹುಡುಕುವ ಒಂದು ಕಚೇರಿಯಲ್ಲಿ ಅವರು ಟೆಸ್ಟರ್ ಆಗಿದ್ದರು. ಬೆಳಿಗ್ಗೆ ಒಂಬತ್ತಕ್ಕೆ ಹೋಗಿ ಹೆಬ್ಬೆರಳಲ್ಲಿ ಬಟನ್ ಒತ್ತಿ ಆಡುವ ಕಂಟ್ರೋಲರ್ ಹಿಡಿದರೆ ಸಂಜೆ ಆರರವರೆಗೆ ಕತ್ತಿ, ಕೊಡಲಿ, ಸುತ್ತಿಗೆ, ಬಾಕು ಹೀಗೆ ಒಂದೊಂದೇ ಆಯುಧ ತೆಗೆದುಕೊಂಡು ಆ ಬೊಂಬೆಗೆ ಹೊಡೆಯುತ್ತಿದ್ದರು. ಪ್ರತಿ ಏಟಿಗೂ ಬೊಂಬೆಯ ತಲೆಯ ಮೇಲೆ ಒಂದು ಅಂಕಿ ಹೊಳೆದು ಮಾಯವಾಗುತ್ತದೆ. ಏಟು ಎಷ್ಟು ಜೋರಾಗಿ ಬಿತ್ತು ಎಂದು ಹೇಳುವ ಅಂಕಿ ಅದು. ಅದನ್ನು ಪಟ್ಟಿಯಲ್ಲಿ ಬರೆಯಬೇಕು. ಒಂದು ಆಯುಧಕ್ಕೆ ಹತ್ತು ಏಟು. ಕೊನೆಯ ಆಟದಲ್ಲಿ ನಾನೂರ ಹನ್ನೆರಡು ಆಯುಧಗಳಿದ್ದವು.

"ಇಡೀ ದಿನ ಹೊಡೆದಾಡಿ ಬರ್ತಾಳೆ, ಮನೇಲಿ ಒಂದು ಸೊಳ್ಳೆ ಹೊಡೆಯೋಕೆ ಮಾತ್ರ ನನ್ನನ್ನೇ ಕರೀತಾಳೆ" ಎಂದು ಮಾವ ಬಂದವರ ಮುಂದೆಲ್ಲ ಹೇಳುತ್ತಿದ್ದರು. ಮಾವ ಲಿಫ್ಟ್ ರಿಪೇರಿ ಮಾಡುವವರು.

"ಸೊಳ್ಳೆ ನನ್ನ ಪಟ್ಟೀಲಿಲ್ಲ" ಎಂದು ಅತ್ತೆ ಕಣ್ಣು ಮುಚ್ಚಿಕೊಂಡೇ ಉತ್ತರ ಕೊಡುತ್ತಿದ್ದರು. ಮನೆಗೆ ಬಂದ ಮೇಲೆ ಅರ್ಧ ಗಂಟೆ ಅವರು ಕಣ್ಣು ತೆರೆಯುತ್ತಿರಲಿಲ್ಲ. ಗೋಡೆಗೆ ಒರಗಿ ಕೂತು, ಬಲಗೈ ಹೆಬ್ಬೆರಳನ್ನು ಬಿಸಿನೀರಿನ ಲೋಟದಲ್ಲಿ ಇಟ್ಟುಕೊಂಡು, ಕೇಳಿದ್ದಕ್ಕೆ ಮಾತ್ರ ಉತ್ತರ ಕೊಡುತ್ತಿದ್ದರು.

ನಾನು ಅವರ ಮನೆಯಲ್ಲೇ ಇರುವವಳು. ಮನೆಯ ವಿಷಯ ಕಣ್ಣಾರೆ ಕಂಡದ್ದು. ಕಚೇರಿಯ ವಿಷಯ ಅತ್ತೆ ಹೇಳಿದ್ದು. ತಪ್ಪಾಗಬಾರದೆಂದು ಎರಡೆರಡು ಸಲ ಕೇಳಿ ಬರೆದಿದ್ದೇನೆ.

ಕಚೇರಿ ಒಂದು ಟೈರ್ ಅಂಗಡಿಯ ಮೇಲೆ, ಮೂರನೇ ಮಹಡಿಯಲ್ಲಿತ್ತು. ಆರು ಮೇಜು, ಆರು ಜನ. ಪರದೆಯ ಮೇಲೆ ಬೆಳಕು ಬೀಳಬಾರದೆಂದು ಕಿಟಕಿಗಳಿಗೆ ಕಪ್ಪು ಕಾಗದ ಅಂಟಿಸಿದ್ದರು. ಹೊರಗೆ ಮಧ್ಯಾಹ್ನವೋ ಸಂಜೆಯೋ ಎನ್ನುವುದು ಕೆಳಗಿನಿಂದ ಬರುವ ರಬ್ಬರಿನ ವಾಸನೆಯಲ್ಲೇ ತಿಳಿಯಬೇಕು. ಬಿಸಿಲು ಏರಿದಷ್ಟೂ ವಾಸನೆ ಜಾಸ್ತಿ. ಮೂಲೆಯ ಗಾಜಿನ ಕೋಣೆಯಲ್ಲಿ ಮೇಲ್ವಿಚಾರಕರು ಕೂರುತ್ತಿದ್ದರು. ಆಟವನ್ನು ನಿಜವಾಗಿ ತಯಾರಿಸುವ ಪ್ರೋಗ್ರಾಮರುಗಳು ಬೇರೆ ಊರಿನವರು. ಇವರೆಲ್ಲ ಅವರನ್ನು "ಮೇಲಿನವರು" ಎನ್ನುತ್ತಿದ್ದರು, ದೇವರ ವಿಷಯ ಮಾತಾಡುವ ಹಾಗೆ.

ಏಟಿನ ಲೆಕ್ಕವನ್ನು ಅತ್ತೆ ಒಮ್ಮೆ ಪೇಪರಿನ ಅಂಚಿನಲ್ಲಿ ಬರೆದು ನನಗೆ ತೋರಿಸಿದ್ದರು. ಮುಂದಿನದಕ್ಕೆಲ್ಲ ಅದೇ ಆಧಾರ. ಆದ್ದರಿಂದ ನಿಧಾನವಾಗಿ ಹೇಳುತ್ತೇನೆ.

ಪ್ರತಿ ಆಯುಧಕ್ಕೂ ಅದರದ್ದೇ ಒಂದು ಬಲವಿದೆ. ಒಂದು ಬಾಕಿನ ಬಲ ಏಳು ಎನ್ನಿ. ಅದನ್ನು ಹಿಡಿದ ವೀರ ಪಳಗಿದವನಾದರೆ ಶೇಕಡಾ ಇಪ್ಪತ್ತು ಸೇರುತ್ತದೆ. ಏಳು ಎಂಟು ಪಾಯಿಂಟ್ ನಾಲ್ಕಾಗುತ್ತದೆ. ಬಾಕನ್ನು ಸಾಣೆ ಹಿಡಿಸಿದ್ದರೆ ಅದರ ಮೇಲೆ ಇನ್ನೊಂದು ಇಪ್ಪತ್ತು. ಆಗ ಹತ್ತು ಪಾಯಿಂಟ್ ಸೊನ್ನೆ ಎಂಟು. ಎಲ್ಲ ಮುಗಿದ ಮೇಲೆ ಪಾಯಿಂಟಿನ ಆಚೆಯದನ್ನು ಬಿಟ್ಟುಬಿಡಬೇಕು ಎಂಬುದು ಮೇಲಿನವರು ಕೊಟ್ಟ ಕಾಗದದಲ್ಲಿದ್ದ ನಿಯಮ. ಬೊಂಬೆಯ ತಲೆಯ ಮೇಲೆ ಹತ್ತು ಬರಬೇಕು.

"ಇಲ್ಲಿಗೇ ಮುಗೀತಾ?" ಎಂದು ನಾನು ಕೇಳಿದ್ದೆ.

"ಬೊಂಬೆಗೆ ಮುಗೀತು. ಶತ್ರುಗೆ ಚರ್ಮ ಇರುತ್ತಲ್ಲ! ಕಲ್ಲುಗೂಳಿ ಅಂತ ಒಂದಿದೆ. ಪ್ರತಿ ಏಟಿಂದ ಅದು ನಾಲ್ಕು ನುಂಗುತ್ತೆ. ಬಾಕಿನ ಹತ್ತರಲ್ಲಿ ಆರು ಉಳಿಯುತ್ತೆ. ಗೂಳಿ ಜೀವ ಆರುನೂರು. ಎಷ್ಟು ಏಟು ಬೇಕು?"

"ನೂರು."

"ದೊಡ್ಡ ಸುತ್ತಿಗೆ ಏಟಿಗೆ ನೂರ ಇಪ್ಪತ್ತೊಂಬತ್ತು. ನಾಲ್ಕು ನುಂಗಿದ್ರೂ ಅದಕ್ಕೇನು? ಐದೇಟಿಗೆ ಗೂಳಿ ಅಡ್ಡ. ಬಾಕಿನವನು ಪಾಪ ಸುತ್ತ ಓಡಾಡ್ತಾ ನೂರು ಸಲ ಚುಚ್ಚಬೇಕು. ಅದಕ್ಕೇ ಸಣ್ಣ ಆಯುಧಕ್ಕೆ ಒಂದೊಂದು ಅಂಕಿನೂ ಪ್ರಾಣ" ಎಂದರು ಅತ್ತೆ.

ಟೆಸ್ಟರುಗಳಿಗೆ ಒಂದೇ ಒಂದು ಕಟ್ಟಳೆ. ಬರಬೇಕಾದ ಅಂಕಿಯನ್ನಲ್ಲ, ಕಂಡ ಅಂಕಿಯನ್ನು ಬರೆಯಬೇಕು. ಲೆಕ್ಕದ ಕಾಗದವನ್ನು ಸಂಜೆ ಹೋಲಿಸಿ ನೋಡಲು ಮಾತ್ರ ತೆಗೆಯಬೇಕು.

ಆ ಕೊನೆಯ ಆಟದ ವರ್ಷ ಅತ್ತೆಯ ಹೆಬ್ಬೆರಳ ಬುಡ ಊದಿಕೊಂಡಿತು. ಲೋಟ ಹಿಡಿದರೆ ಜಾರುತ್ತಿತ್ತು. ಡಾಕ್ಟರು ನೋಡಿ, ಆರು ವಾರ ಈ ಕೈಗೆ ಪೂರ್ತಿ ವಿಶ್ರಾಂತಿ ಬೇಕು, ಇಲ್ಲದಿದ್ದರೆ ಮುಂದೆ ಬಟನ್ ಒತ್ತುವುದಿರಲಿ, ಅಂಗಿಯ ಗುಂಡಿಯನ್ನೂ ಹಾಕಲಾಗುವುದಿಲ್ಲ ಎಂದಿದ್ದರು. ಆದರೆ ಅತ್ತೆ ಎಂಟು ವರ್ಷದಿಂದಲೂ ಆರಾರು ತಿಂಗಳ ಕಾಂಟ್ರ್ಯಾಕ್ಟಿನ ಮೇಲೆ ಇದ್ದವರು. ಅಂಥವರಿಗೆ ಆರು ವಾರ ರಜೆ ಎಂದರೆ ಕೆಲಸ ಬಿಟ್ಟ ಹಾಗೆಯೇ. ಅಷ್ಟರಲ್ಲಿ ಸುದ್ದಿ ಬಂತು: ಈ ಆಟ ಮುಗಿದ ಮೇಲೆ ಆರು ಜನರಲ್ಲಿ ಒಬ್ಬರನ್ನು ಪರ್ಮನೆಂಟ್ ಮಾಡುತ್ತಾರೆ. ಪರ್ಮನೆಂಟ್ ಆದವರಿಗೆ ಕಾಯಿಲೆ ರಜೆ ಉಂಟು. "ನೀವೇ ಅಕ್ಕ, ಇನ್ಯಾರು" ಎಂದು ಮೇಲ್ವಿಚಾರಕರು ಆಗಲೇ ಬಾಯಿಬಿಟ್ಟು ಹೇಳಿಯೂ ಇದ್ದರು. ಅತ್ತೆ ಆ ಆರು ವಾರದ ಮೇಲೇ ಕಣ್ಣಿಟ್ಟು ದಿನ ತಳ್ಳುತ್ತಿದ್ದರು.

ಪಕ್ಕದ ಮೇಜಿನ ಹುಡುಗಿಯನ್ನು ಎಲ್ಲರೂ "ಬಿಕ್ಕಳಿಕೆ" ಎನ್ನುತ್ತಿದ್ದರು. ಮೇಲ್ವಿಚಾರಕರು ಮಾತಾಡಿಸಿದರೆ ಸಾಕು, ಅವಳಿಗೆ ಬಿಕ್ಕಳಿಕೆ ಶುರುವಾಗುತ್ತಿತ್ತು. ಅವಳದ್ದು ಬೊಂಬೆಯ ಕೆಲಸವಲ್ಲ. ಆಟವನ್ನು ಮೊದಲಿಂದ ಕೊನೆಯವರೆಗೆ ಆಡಿ ನೋಡುವುದು ಅವಳ ಪಾಲು. ಹಾಗೆ ಆಡುವಾಗ ಅಂಕಿಗಳು ಕಾಣುವುದಿಲ್ಲ, ಶತ್ರು ಬೀಳುವುದು ಮಾತ್ರ ಕಾಣುತ್ತದೆ. ಅವಳು ಬಾಕು ಹಿಡಿದು ಕಲ್ಲುಗೂಳಿಯ ಎದುರು ಮೂರು ದಿನ ಸತ್ತಳು. ನಾಲ್ಕನೇ ದಿನ ಬರೆದುಕೊಟ್ಟಳು: ಬಾಕಿನ ಏಟು ಕಮ್ಮಿ ಬೀಳುತ್ತಿದೆ, ನೂರಕ್ಕೆ ಬೀಳಬೇಕಾದ ಗೂಳಿಗೆ ನೂರಿಪ್ಪತ್ತು ಬೇಕಾಗುತ್ತಿದೆ.

ಮೇಲ್ವಿಚಾರಕರು ಗಾಜಿನ ಕೋಣೆಯಿಂದಲೇ ಕೂಗಿದರು. "ಅಕ್ಕ ಅರವತ್ತನಾಲ್ಕು ಬಾಕೂ ಹೊಡೆದು ಸಹಿ ಹಾಕಿದ್ದಾರೆ ಕಣಮ್ಮ. ಎಲ್ಲಾ ಸರಿಯಿದೆ. ನಿನ್ನ ಬೆರಳು ನಿಧಾನ, ಗೂಳಿಯದ್ದೇನು ತಪ್ಪು?"

"ಎಣಿ— ಹಿಕ್— ಎಣಿಸಿದೆ ಸರ್."

"ಬಿಕ್ಕಳಿಕೆನೂ ಸೇರಿಸಿ ಎಣಿಸಿರ್ತೀಯ."

ಕೋಣೆಯೆಲ್ಲ ನಕ್ಕಿತು. ಅತ್ತೆಯೂ ನಕ್ಕರಂತೆ. ಅದನ್ನು ಅವರೇ ಹೇಳಿದರು. ಹುಡುಗಿಯ ದೂರಿನ ಮೇಲೆ "ತಪ್ಪಲ್ಲ" ಎಂದು ಗುರುತು ಬಿತ್ತು. ಅಂಥ ಗುರುತು ಹೆಚ್ಚಾದವರಿಗೆ ಮುಂದಿನ ಕಾಂಟ್ರ್ಯಾಕ್ಟ್ ಸಿಗುತ್ತಿರಲಿಲ್ಲ.

ಊಟದ ಹೊತ್ತಿನಲ್ಲಿ ಎಲ್ಲರೂ ಕೆಳಗೆ ಹೋದಾಗ ಅತ್ತೆ ಮೆಟ್ಟಿಲಿಳಿಯಲು ಬೇಜಾರಾಗಿ ಮೇಲೇ ಕೂತಿದ್ದರು. ಸುಮ್ಮನೆ ಬೊಂಬೆಯ ಅಂಗಳ ತೆರೆದು ಏಳರ ಬಲದ ಆ ಬಾಕನ್ನು ತೆಗೆದುಕೊಂಡು ಒಂದು ಏಟು ಹೊಡೆದರು. ಅಂಕಿ ಹೊಳೆದು ಹೋಯಿತು. ಇನ್ನೊಂದು ಹೊಡೆದರು.

ಒಂಬತ್ತು.

ಮತ್ತೆ ಹೊಡೆದರು. ಒಂಬತ್ತು. ಪಟ್ಟಿ ತೆಗೆದು ನೋಡಿದರು. ತಮ್ಮದೇ ಅಕ್ಷರದಲ್ಲಿ ಹತ್ತು, ಹತ್ತು, ಹತ್ತು, ಹತ್ತೂ ಸಾಲಿನಲ್ಲಿ ಹತ್ತು.

ಆಗಿದ್ದಿಷ್ಟು. ಯಂತ್ರ ಪಾಯಿಂಟಿನ ಆಚೆಯದನ್ನು ಕೊನೆಯಲ್ಲಿ ಒಂದು ಸಲ ಬಿಡುವ ಬದಲು ಪ್ರತಿ ಹಂತದಲ್ಲೂ ಬಿಡುತ್ತಿತ್ತು. ಎಂಟು ಪಾಯಿಂಟ್ ನಾಲ್ಕು ಎಂಟಾಯಿತು. ಎಂಟಕ್ಕೆ ಇಪ್ಪತ್ತು ಶೇಕಡಾ ಸೇರಿ ಒಂಬತ್ತು ಪಾಯಿಂಟ್ ಆರಾಯಿತು. ಅದೂ ಕತ್ತರಿಸಿ ಒಂಬತ್ತು. ಗೂಳಿ ನಾಲ್ಕು ನುಂಗಿದರೆ ಉಳಿಯುವುದು ಐದು. ಆರುನೂರಕ್ಕೆ ನೂರಿಪ್ಪತ್ತು ಏಟು. ಹುಡುಗಿ ಸರಿಯಾಗಿಯೇ ಎಣಿಸಿದ್ದಳು.

ಯಂತ್ರದ ತಪ್ಪು ಯಂತ್ರದ್ದು. ಅತ್ತೆಯ ತಪ್ಪು ಬೇರೆ. ಅವರಿಗೆ ಲೆಕ್ಕ ಬಾಯಿಪಾಠವಾಗಿಬಿಟ್ಟಿತ್ತು. ಏಟು ಬೀಳುವ ಮೊದಲೇ ಉತ್ತರ ತಲೆಯಲ್ಲಿರುತ್ತಿತ್ತು. ಹೆಬ್ಬೆರಳು ಒತ್ತುತ್ತಿತ್ತು, ಎಡಗೈ ಬರೆಯುತ್ತಿತ್ತು, ಕಣ್ಣು ಪರದೆಯ ಮೇಲಿದ್ದೂ ನೋಡುತ್ತಿರಲಿಲ್ಲ. ಹೊಸಬರು ಈ ತಪ್ಪು ಮಾಡುವುದಿಲ್ಲ, ಮಾಡಲು ಅವರಿಗೆ ಬರುವುದೇ ಇಲ್ಲ.

ಆ ದಿನ ಸಂಜೆ ಅತ್ತೆ ಹೆಬ್ಬೆರಳನ್ನು ನೀರಿಗೆ ಹಾಕಲಿಲ್ಲ. ವಿಷಯ ಹೇಳಿದಾಗ ಮಾವ, "ನಿನ್ನ ಕೈ ವಾಸಿಯಾಗ್ಲಿ ಮೊದ್ಲು. ಆಟದಲ್ಲಿ ಒಂದು ಏಟು ಕಮ್ಮಿಯಾದ್ರೆ ಯಾರ ಮನೆ ಮುಳುಗುತ್ತೆ?" ಎಂದರು.

"ಆ ಹುಡುಗಿ ಮನೆ ಮುಳುಗುತ್ತಲ್ಲ."



ಮರುದಿನ ಬೆಳಿಗ್ಗೆ ಅತ್ತೆ ಗಾಜಿನ ಕೋಣೆಗೆ ಹೋದರು.

"ಸರ್, ಬಾಕಿನ ಪಟ್ಟಿ ತಪ್ಪು."

"ಯಾರದ್ದು?"

"ನಂದೇ. ಪರದೆ ಮೇಲೆ ಒಂಬತ್ತು ಬರ್ತಿದೆ. ನಾನು ನೋಡದೆ ಹತ್ತು ಅಂತ ಬರೆದಿದ್ದೀನಿ."

ಮೇಲ್ವಿಚಾರಕರು ಎದ್ದು ಬಾಗಿಲು ಹಾಕಿ ಬಂದು ದನಿ ತಗ್ಗಿಸಿದರು. ಅವರು ಕೆಟ್ಟವರಲ್ಲ. "ಅಕ್ಕ, ಬಾಕು ಮಾತ್ರ ತಾನೇ? ಕತ್ತಿ, ಕೊಡಲಿ, ಸುತ್ತಿಗೆ ಎಲ್ಲಾ ನೋಡೇ ಬರೆದದ್ದು ಅಂತ ಒಂದು ಮಾತು ಹೇಳಿ. ಬಾಕು ಎರಡು ದಿನದಲ್ಲಿ ಮತ್ತೆ ಮಾಡಿ ಮುಗಿಸೋಣ. ಹುಡುಗಿ ದೂರಿಗೆ ಹಾಕಿದ ಗುರುತೂ ತೆಗೀತೀನಿ. ಮೇಲಿನವರಿಗೆ ಏನು ಹೇಳ್ಬೇಕೋ ನಾನು ಹೇಳ್ತೀನಿ."

ಅತ್ತೆ ಹೂಂ ಎಂದಿದ್ದರೆ ಸಾಕಿತ್ತು. ಹುಡುಗಿಯೂ ಉಳಿಯುತ್ತಿದ್ದಳು, ಆರು ವಾರವೂ ಸಿಗುತ್ತಿತ್ತು. ಅವರು ಮೂವತ್ತೆರಡರ ಬಲದ ಒಂದು ಕೊಡಲಿಯನ್ನು ನೆನಪಿಸಿಕೊಳ್ಳಲು ನೋಡಿದರು. ಪಟ್ಟಿಯಲ್ಲಿ ನಲವತ್ತಾರು ಎಂದು ಬರೆದದ್ದು ನೆನಪಿತ್ತು. ಬೊಂಬೆಯ ತಲೆಯೂ ನೆನಪಾಯಿತು, ಅದರ ಹುಲ್ಲು ಕೆದರಿದ್ದು ಸಹ. ತಲೆಯ ಮೇಲೆ ಹೊಳೆದ ಅಂಕಿ ಮಾತ್ರ ನೆನಪಾಗಲಿಲ್ಲ.

"ಗೊತ್ತಿಲ್ಲ ಸರ್" ಎಂದರು.

"ಗೊತ್ತಿಲ್ಲ ಅಂದ್ರೆ ನಾನೇನಂತ ಬರೀಲಿ?"

"ಗೊತ್ತಿಲ್ಲ ಅಂತಲೇ ಬರೀರಿ."

ಹಾಗೆ ನಾನೂರ ಹನ್ನೆರಡು ಆಯುಧಗಳನ್ನೂ ಮತ್ತೆ ಹೊಡೆಯಬೇಕಾಯಿತು. ಮೂರು ವಾರ ಹಿಡಿಯಿತು. "ಅಕ್ಕನ ಪುಣ್ಯ, ನಮಗೂ ಬೊಂಬೆ ದರ್ಶನ ಆಯ್ತು" ಎಂದು ಕಿಟಕಿಯ ಬಳಿಯ ಮೇಜಿನವನು ಕೇಳಿಸುವ ಹಾಗೆಯೇ ಹೇಳಿದ. ಈ ಸಲ ಒಬ್ಬರು ಹೊಡೆಯುವುದು, ಒಬ್ಬರು ಪರದೆ ನೋಡಿ ಕೂಗುವುದು, ಇನ್ನೊಬ್ಬರು ಬರೆಯುವುದು ಎಂದಾಯಿತು. ಲೆಕ್ಕ ಬಾಯಿಪಾಠವಾದವರು ಕೂಗುವ ಹಾಗೂ ಇರಲಿಲ್ಲ, ಬರೆಯುವ ಹಾಗೂ ಇರಲಿಲ್ಲ. ಆದ್ದರಿಂದ ಅತ್ತೆಯ ಪಾಲಿಗೆ ಬಂದದ್ದು ಹೊಡೆಯುವುದೇ. ನಾಲ್ಕು ಸಾವಿರದ ನೂರಿಪ್ಪತ್ತು ಏಟು, ಅದೇ ಹೆಬ್ಬೆರಳಲ್ಲಿ. ಕೂಗುವವಳು ಬಿಕ್ಕಳಿಕೆ, ಅದೂ ಮೇಲ್ವಿಚಾರಕರ ಎದುರಿಗೇ.

"ನಲವ— ಹಿಕ್— ತ್ತೈದು!"

"ಎಷ್ಟು? ಸರಿಯಾಗಿ ಹೇಳೇ, ನಡುವೆ ಏನೋ ಬಿತ್ತು" ಎನ್ನುತ್ತಿದ್ದ ಬರೆಯುವವನು.

"ನಲವತ್ತೈದು. ಬಿದ್ದದ್ದು ಅಂಕಿ ಅಲ್ಲ."

ಅದೇ ಕೊಡಲಿ. ಅತ್ತೆ ಹಳೆಯ ಪಟ್ಟಿಯಲ್ಲಿ ಬರೆದಿದ್ದದ್ದು ನಲವತ್ತಾರು. ಕೊನೆಗೆ ನೂರ ಮೂವತ್ತೊಂದು ಆಯುಧಗಳಲ್ಲಿ ಒಂದೊಂದು ಅಂಕಿ ಕಮ್ಮಿ ಸಿಕ್ಕಿತು. ಮೇಲಿನವರು ಅದನ್ನು ಇಪ್ಪತ್ತು ನಿಮಿಷದಲ್ಲಿ ಸರಿಪಡಿಸಿದರು ಎಂದು ಕೇಳಿ ಅತ್ತೆ "ಇಪ್ಪತ್ತೇ ನಿಮಿಷ" ಎಂದು ಎರಡು ಸಲ ಹೇಳಿಕೊಂಡರು, ಅಷ್ಟೆ.

ಪರ್ಮನೆಂಟ್ ಕೆಲಸ ಬಿಕ್ಕಳಿಕೆಗೆ ಸಿಕ್ಕಿತು. ಅತ್ತೆಯ ಕಾಂಟ್ರ್ಯಾಕ್ಟ್ ತಿಂಗಳ ಕೊನೆಗೆ ಮುಗಿಯಿತು, ಹೊಸದು ಕೊಡಲಿಲ್ಲ. ಕೊನೆಯ ದಿನ ಹುಡುಗಿ ಮೆಟ್ಟಿಲವರೆಗೆ ಬಂದು ನಿಂತಳು.

"ನನ್ನಿಂದ ಹೀಗಾಯ್ತಲ್ಲ ಅಕ್ಕ..."

"ನಿನ್ನಿಂದ ಅಲ್ಲ ಕಣೇ. ನೋಡು, ಇವತ್ತು ಬಿಕ್ಕಳಿಕೆನೂ ಬರ್ಲಿಲ್ಲ ನಿಂಗೆ. ಹೋಗು, ಅವರು ಕರೀತಿದ್ದಾರೆ."

ಮನೆಗೆ ಬಂದು ಅತ್ತೆ ಮರುದಿನ ಮಧ್ಯಾಹ್ನದವರೆಗೆ ನಿದ್ದೆ ಮಾಡಿದರು. ಆ ವಾರ ಮಾವನೂ ನಾನೂ ಅವರನ್ನು ಡಾಕ್ಟರ ಹತ್ತಿರ ಕರೆದುಕೊಂಡು ಹೋದೆವು. ಡಾಕ್ಟರು ಹೆಬ್ಬೆರಳನ್ನು ಒತ್ತಿ ನೋಡಿ ಬೈದರು. ಆಮೇಲೆ ಪಟ್ಟಿ ಸುತ್ತುತ್ತಾ, "ಈಗಲಾದ್ರೂ ಆರು ವಾರ ರಜೆ ಕೊಡ್ತಾರೇನಮ್ಮ?" ಎಂದು ಕೇಳಿದರು.

"ಕೆಲಸಾನೇ ಇಲ್ಲ ಡಾಕ್ಟ್ರೇ. ರಜೆಗೇನು ಬರ" ಎಂದರು ಅತ್ತೆ. ಡಾಕ್ಟರು ನಕ್ಕರು. ಮಾವ ನಗಲಿಲ್ಲ.

ಈಗ ಮೂರನೇ ವಾರ. ಅತ್ತೆ ದಿನವೂ ಕುರ್ಚಿಯಲ್ಲಿ ಕೂತು, ಕೈಯನ್ನು ದಿಂಬಿನ ಮೇಲೆ ಇಟ್ಟುಕೊಂಡಿರುತ್ತಾರೆ. ಊತ ಸ್ವಲ್ಪ ಇಳಿದಿದೆ. ಮುಂದೆ ಯಾವ ಕೆಲಸ ಎಂದು ಯಾರೂ ಇನ್ನೂ ಮಾತೆತ್ತಿಲ್ಲ. ನಿನ್ನೆ ಮಾತ್ರ ನಾನು ಧೈರ್ಯ ಮಾಡಿ ಕೇಳಿದೆ: ಅವತ್ತು ಗಾಜಿನ ಕೋಣೆಯಲ್ಲಿ ಹೂಂ ಅಂದುಬಿಡಬೇಕಿತ್ತು ಅಂತ ಅನ್ನಿಸುತ್ತಾ ಅತ್ತೆ?



"ದಿನಾ ಅನ್ಸುತ್ತೆ" ಎಂದರು. "ಆದ್ರೆ ಆ ಕೊಡಲಿ ಹೊಡೆದಾಗ ಬೊಂಬೆ ತಲೆ ಮೇಲೆ ಏನು ಕಂಡೆ ಅಂತ ಇವತ್ತಿಗೂ ನೆನಪಾಗ್ತಿಲ್ಲ ಕಣೇ. ಏನಂತ ಹೂಂ ಅನ್ನಲಿ?"

ಆಮೇಲೆ ದಿಂಬು ಸ್ವಲ್ಪ ಮೇಲೆ ಮಾಡು ಎಂದರು. ನಾನು ಮಾಡಿದೆ. ಅವರು ಕಣ್ಣು ಮುಚ್ಚಿಕೊಂಡರು.